ಏಪ್ರಿಲ್ ಒಂದರ ಗೆರೆ

ನಂಜನಗೂಡು ತಾಲ್ಲೂಕಿನ ಹೆಡತಲೆಯಲ್ಲಿ ಲಕ್ಷ್ಮೀಕಾಂತಸ್ವಾಮಿ ದೇವಸ್ಥಾನವಿದೆ, ಹೊಯ್ಸಳರ ಶೈಲಿಯದು. ಅಲ್ಲಿನ ಹದಿನಾರು ಮುಖದ ಚಾವಡಿಯ ಬಗ್ಗೆ ಊರಲ್ಲೊಂದು ಕಥೆ ಇದೆ. ಊರಾಳುವ ದೊರೆಗೆ ಹದಿನಾರು ಜನ ಅಳಿಯಂದಿರಂತೆ. ಯಾರಿಗೆ ಮೊದಲ ಮಣೆ, ಯಾರಿಗೆ ಕೊನೆಯದು ಎಂಬ ಮುನಿಸೇ ಬೇಡವೆಂದು ಎಲ್ಲರಿಗೂ ಸಮನಾಗಿ ಕೂರುವಂತೆ ಚಾವಡಿ ಕಟ್ಟಿಸಿದನಂತೆ. ಇತಿಹಾಸಕಾರರು ಇದನ್ನು ಒಪ್ಪದಿರಬಹುದು. ಆದರೆ ಸರ್ಕಾರಿ ಶಾಲೆಯ ಸ್ಟಾಫ್ ರೂಮಿನಲ್ಲಿ ಕೂತಾಗಲೆಲ್ಲ ನನಗೆ ಆ ದೊರೆ ನಮ್ಮ ಹಣಕಾಸು ಇಲಾಖೆಗಿಂತ ಬುದ್ಧಿವಂತ ಅನ್ನಿಸಿದೆ.

ನಮ್ಮಲ್ಲಿ ಕುರ್ಚಿಗಳೆಲ್ಲ ಒಂದೇ ಪ್ಲಾಸ್ಟಿಕ್ಕಿನವು. ಕೂತವರು ಮಾತ್ರ ಮೂರು ಜಾತಿ. 2005ರಲ್ಲಿ ಸೇರಿದ ಹಿರಿಯ ಮೇಷ್ಟ್ರಿಗೆ ಪೂರ್ಣ ಸೇವೆ ಮುಗಿಸಿ ನಿವೃತ್ತರಾದರೆ ಕೊನೆಯ ಮೂಲವೇತನದ ಅರ್ಧ ಪಿಂಚಣಿ, ಅದರ ಮೇಲೆ ತುಟ್ಟಿಭತ್ಯೆ, ಅವರ ನಂತರ ಹೆಂಡತಿಗೆ ಕುಟುಂಬ ಪಿಂಚಣಿ. 2006ರ ಏಪ್ರಿಲ್ 1ರ ನಂತರ ಸೇರಿದ ನನಗೆ ಎನ್‌ಪಿಎಸ್. ಮೂಲವೇತನ ಮತ್ತು ತುಟ್ಟಿಭತ್ಯೆಯ ಶೇ. 10 ಪ್ರತಿ ತಿಂಗಳೂ ಕಡಿತ, ಸರ್ಕಾರದ್ದು ಶೇ. 14. ನಿವೃತ್ತಿಯ ದಿನ ಗಂಟಿನ ಶೇ. 60ರವರೆಗೆ ಕೈಗೆ, ಕನಿಷ್ಠ ಶೇ. 40ನ್ನು ವಿಮಾ ಕಂಪನಿಗೆ ಕೊಟ್ಟು ಅದು ಕೊಡುವ ಮಾಸಾಶನ ಪಡೆಯಬೇಕು. ಆ ಮೊತ್ತ ಎಷ್ಟೆಂದು ಇವತ್ತು ಯಾರೂ ಹೇಳಲಾರರು. ಬೆಲೆ ಏರಿದಂತೆ ಅದು ಏರುವುದೂ ಇಲ್ಲ. ಮೂರನೆಯವರ ಮಾತಿಗೆ ಆಮೇಲೆ ಬರುತ್ತೇನೆ.

'ಗೊತ್ತಿದ್ದೇ ಸೇರಿದಿರಲ್ಲ?' ಎಂದು ಕೇಳುವವರಿದ್ದಾರೆ. ಕೆಲಸವಿಲ್ಲದ ಪದವೀಧರನ ಮುಂದೆ ನೇಮಕಾತಿ ಆದೇಶ ಇಟ್ಟು ಷರತ್ತು ಒಪ್ಪಿದೆಯಾ ಎಂದರೆ ಅವನು ಏನನ್ನು ತಾನೆ ಒಪ್ಪುವುದಿಲ್ಲ? ಪಿಂಚಣಿ ದೊರೆಯ ಕೃಪೆಯಲ್ಲ, ದುಡಿದವನ ಹಕ್ಕು ಎಂದು ಸುಪ್ರೀಂ ಕೋರ್ಟ್ 1982ರ ಡಿಸೆಂಬರ್ 17ರಂದು ನಕಾರಾ ಪ್ರಕರಣದಲ್ಲೇ ಹೇಳಿದೆ. ಪಿಂಚಣಿದಾರರನ್ನು ಒಂದು ತಾರೀಖು ಹಿಡಿದು ಎರಡು ಭಾಗ ಮಾಡಿದ್ದನ್ನು ಅಂದು ಅದು ಒಪ್ಪಲಿಲ್ಲ. ಹೊಸ ನೇಮಕಾತಿಗೆ ಆ ತೀರ್ಪು ಅನ್ವಯಿಸದು ಎಂಬ ವಾದ ಕಾನೂನಿನಲ್ಲಿ ನಿಲ್ಲಬಹುದು. ನ್ಯಾಯದಲ್ಲಿ ನಿಲ್ಲುತ್ತದೆಯೇ?

ಗೆರೆ ಎಷ್ಟು ಪೊಳ್ಳೆಂದು ಸರ್ಕಾರವೇ ತೋರಿಸಿದೆ. 2006ರ ಏಪ್ರಿಲ್‌ಗಿಂತ ಮೊದಲೇ ಅಧಿಸೂಚನೆ ಹೊರಟು, ಆದೇಶ ಮಾತ್ರ ತಡವಾಗಿ ಕೈ ಸೇರಿದ ಸುಮಾರು 13,000 ನೌಕರರನ್ನು 2024ರ ಜನವರಿಯಲ್ಲಿ ಹಳೆ ಪಿಂಚಣಿಗೆ ಸೇರಿಸಿಕೊಂಡಿತು. ಒಳ್ಳೆಯದೇ ಆಯಿತು. ಫೈಲು ಮೇಜಿನಿಂದ ಮೇಜಿಗೆ ಹೋಗಲು ತಡವಾದದ್ದಕ್ಕೆ ಅಭ್ಯರ್ಥಿ ಹೊಣೆಯಲ್ಲ. ಹಾಗಾದರೆ ವರ್ಷಗಟ್ಟಲೆ ಅಧಿಸೂಚನೆಯನ್ನೇ ಹೊರಡಿಸದಿದ್ದರೆ ಅದಕ್ಕೆ ಯಾರು ಹೊಣೆ? ಬೊಕ್ಕಸಕ್ಕೆ ಭಾರವಾಗುತ್ತದೆ ಎಂಬ ಮಾತು ಸುಳ್ಳಲ್ಲ; ರಿಸರ್ವ್ ಬ್ಯಾಂಕ್ ಕೂಡ ರಾಜ್ಯಗಳನ್ನು ಎಚ್ಚರಿಸಿದೆ. ಆ ಭಾರದ ಲೆಕ್ಕ ಮಾಜಿ ಶಾಸಕರ ಪಿಂಚಣಿಯ ಹೊತ್ತಿಗೆ ಯಾಕೆ ನೆನಪಾಗುವುದಿಲ್ಲ ಎನ್ನುವುದಷ್ಟೇ ನನ್ನ ತಕರಾರು.

ಇಲ್ಲಿಯವರೆಗೆ ಹೇಳಿದ್ದನ್ನು ನಮ್ಮ ಕಡೆಯವರೆಲ್ಲ ತಲೆದೂಗಿ ಒಪ್ಪುತ್ತಾರೆ. ಈಗ ಮೂರನೆಯ ಕುರ್ಚಿ.

ಅದರಲ್ಲಿ ಕೂತವರು ಅತಿಥಿ ಶಿಕ್ಷಕಿ. ಅತಿಥಿ ಎಂಬ ಒಳ್ಳೆಯ ಪದವನ್ನು ಇಷ್ಟು ಕೆಡಿಸಿದ್ದು ನಮ್ಮ ಶಿಕ್ಷಣ ಇಲಾಖೆಯೇ ಇರಬೇಕು. ನನ್ನಷ್ಟೇ ಪಾಠ, ನನ್ನಷ್ಟೇ ಉತ್ತರಪತ್ರಿಕೆ. ಶಾಲೆಯ ವರ್ಷ ಮುಗಿದರೆ ಕೆಲಸವೂ ಮುಗಿಯಿತು, ಬೇಸಿಗೆಗೆ ಗೌರವಧನವಿಲ್ಲ. ಹಳೆ ಪಿಂಚಣಿಯೂ ಇಲ್ಲ, ಹೊಸದೂ ಇಲ್ಲ. 65 ದಾಟಿ, ಬಡತನದ ಪುರಾವೆ ಒದಗಿಸಿದರೆ ಸಂಧ್ಯಾ ಸುರಕ್ಷಾದ ತಿಂಗಳಿಗೆ 1,200 ರೂಪಾಯಿ ಸಿಗಬಹುದು.

ಅವರ ಗೆರೆಗೂ ಒಂದು ತಾರೀಖಿದೆ, ಅದೂ ಅದೇ ತಿಂಗಳಿನದು. 2006ರ ಏಪ್ರಿಲ್ 10ರಂದು, ನಮ್ಮ ಬಾಗಿಲು ಮುಚ್ಚಿ ಒಂಬತ್ತೇ ದಿನಕ್ಕೆ, ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ಉಮಾದೇವಿ ಪ್ರಕರಣದ ತೀರ್ಪು ಕೊಟ್ಟಿತು. ಕರ್ನಾಟಕದ್ದೇ ಪ್ರಕರಣ; ವಾಣಿಜ್ಯ ತೆರಿಗೆ ಇಲಾಖೆಯ ದಿನಗೂಲಿಗಳದ್ದು. ತಾತ್ಕಾಲಿಕವಾಗಿ ಸೇರಿದವರಿಗೆ ಕಾಯಂ ಆಗುವ ಹಕ್ಕಿಲ್ಲ ಎಂದಿತು. ಹತ್ತು ವರ್ಷ ದುಡಿದವರಲ್ಲಿ ಕೆಲವರನ್ನು ಒಂದು ಬಾರಿಗೆ ಸಕ್ರಮ ಮಾಡಿ ಎಂದೂ ಹೇಳಿತ್ತು. ಸರ್ಕಾರಗಳು ಮೊದಲರ್ಧವನ್ನು ಬಾಯಿಪಾಠ ಮಾಡಿಕೊಂಡವು. ಈ ತೀರ್ಪನ್ನು ದುಡಿದವರ ವಿರುದ್ಧವೇ ಬಳಸುತ್ತಿರುವುದನ್ನು ಕೋರ್ಟು 2024ರ ಡಿಸೆಂಬರ್‌ನಲ್ಲಿ ಜಗ್ಗೋ ಪ್ರಕರಣದಲ್ಲಿ ಟೀಕಿಸಿತು.

'ಅವರು ಪರೀಕ್ಷೆ ಬರೆದು ಬಂದವರಲ್ಲ' ಎನ್ನುವುದು ನಮ್ಮವರ ಉತ್ತರ. ಹುದ್ದೆ ತುಂಬದೆ, ಪರೀಕ್ಷೆಯನ್ನೇ ಕರೆಯದೆ, ಬರೆಯಲಿಲ್ಲವೆಂದು ದೂರುವುದು ಯಾವ ಲೆಕ್ಕ? ಕಾಯಂ ಮಾಡುವ ಮಾತು ಹಾಗಿರಲಿ. ದುಡಿದಷ್ಟು ತಿಂಗಳಿಗೆ ಅವರ ಹೆಸರಿನ ಎನ್‌ಪಿಎಸ್ ಖಾತೆಗೆ ಸರ್ಕಾರ ತನ್ನ ಪಾಲು ಕಟ್ಟಲು ಯಾವ ತೀರ್ಪು ಅಡ್ಡ ಬರುತ್ತದೆ? ಕೆಲಸ ನಡುವೆ ನಿಂತರೂ ಉಳಿಯುವ ಖಾತೆ ಅದು. ನಾವು ತೊಲಗಲಿ ಎಂದು ಕೂಗುವ ಯೋಜನೆ ಅವರಿಗೆ ಸಿಕ್ಕರೆ ದೊಡ್ಡ ಆಸರೆ. ಇದನ್ನು ಬರೆಯಲು ನನಗೆ ಮುಜುಗರವಿದೆ. ಎನ್‌ಪಿಎಸ್ ಒಳ್ಳೆಯದೆಂದು ನಾನೇ ಒಪ್ಪಿದೆನೆಂದು ನಾಳೆ ಯಾರಾದರೂ ಹೇಳಿಯಾರು. ಹೇಳಲಿ.

ಮುಂದಿನ ಮನವಿಪತ್ರದಲ್ಲಿ ಅತಿಥಿ ಶಿಕ್ಷಕರ ಬಗ್ಗೆಯೂ ಒಂದು ಸಾಲು ಸೇರಿಸೋಣವೆಂದು ನೌಕರರ ಸಂಘದ ಪದಾಧಿಕಾರಿಯೊಬ್ಬರನ್ನು ಕೇಳಿದೆ. ಒಳ್ಳೆಯ ಮನುಷ್ಯ, ಹೋರಾಟದಲ್ಲಿ ಸಂಬಳ ಕಳೆದುಕೊಂಡವರು. ಸ್ವಲ್ಪ ಹೊತ್ತು ಯೋಚಿಸಿ ಹೇಳಿದರು: "ಮೊದಲು ನಮ್ಮದಾಗ್ಲಿ ಸಾರ್, ಆಮೇಲೆ ಅವರದು ನೋಡೋಣ."