ಮುಕ್ಕಾಲು ರೂಪಾಯಿ ಬಡ್ಡಿ, ಇಪ್ಪತ್ತು ವರ್ಷದ ಲೆಕ್ಕ

ಯಾದಗಿರಿ, ಶಹಾಪುರ, ಸುರಪುರದ ಕಡೆ ಸಾಲದ ಮಾತು ಬಂದರೆ ಲೆಕ್ಕ ಶುರುವಾಗುವುದು ನೂರಕ್ಕೆ ತಿಂಗಳಿಗೆ ಎಷ್ಟು ಎಂಬಲ್ಲಿಂದ. ಪರಿಚಯದವರ ಹತ್ತಿರ ಎರಡು ರೂಪಾಯಿ ಬಡ್ಡಿ, ಗುರುತಿಲ್ಲದವರ ಹತ್ತಿರ ಮೂರು, ಅಡಚಣೆ ಜೋರಾಗಿದ್ದರೆ ಐದು. ಎರಡು ರೂಪಾಯಿ ಎಂದರೆ ವರ್ಷಕ್ಕೆ ಶೇ 24, ಮೂರು ಎಂದರೆ ಶೇ 36. ಈ ಲೆಕ್ಕದಲ್ಲೇ ಬೆಳೆದವರು ಬ್ಯಾಂಕಿನ ಮುಂದೆ ಕುಳಿತಾಗ ಶೇ 9ರ ಗೃಹಸಾಲ ಅವರಿಗೆ ಮುಕ್ಕಾಲು ರೂಪಾಯಿ ಬಡ್ಡಿಯಾಗಿ ಕಾಣುತ್ತದೆ. ಅಷ್ಟು ಅಗ್ಗದ ದುಡ್ಡು ಈ ಸೀಮೆಯ ಕೈಸಾಲದಲ್ಲಿ ಎಲ್ಲೂ ಹುಟ್ಟುವುದಿಲ್ಲ. ಹಾಗಾಗಿ ಮುಂದಿನ ಪ್ರಶ್ನೆ ಒಂದೇ: ‘ತಿಂಗಳಿಗಿ ಎಷ್ಟು ಬೀಳ್ತದ್ರಿ?’ ಕಂತು ಸಂಬಳಕ್ಕೆ ಹೊಂದಿದರೆ ಸಹಿ ಬೀಳುತ್ತದೆ. ಎಷ್ಟು ವರ್ಷ, ಒಟ್ಟು ಎಷ್ಟು ಎಂದು ಕೇಳುವವರು ಕಡಿಮೆ.

ಕೈಸಾಲದಲ್ಲಿ ಆ ಪ್ರಶ್ನೆ ಅಷ್ಟಾಗಿ ಬೇಕಾಗುತ್ತಿರಲಿಲ್ಲ. ಹತ್ತಿ ಮಾರಿದ ಮೇಲೆ, ತೊಗರಿ ರಾಶಿ ಮುಗಿದ ಮೇಲೆ ತೀರಿಸುವ ಸಾಲ ಅದು. ಆರು ತಿಂಗಳು, ಹೆಚ್ಚೆಂದರೆ ಎರಡು ಹಂಗಾಮು. ಅಲ್ಲಿ ಸುಡುವುದು ಬಡ್ಡಿಯ ದರ. ಗೃಹಸಾಲದಲ್ಲಿ ದರ ಸೌಮ್ಯ, ಭಾರವೆಲ್ಲ ಅವಧಿಯಲ್ಲಿದೆ. ನಮ್ಮ ಸೀಮೆಯ ಸಾಲದ ಲೆಕ್ಕಕ್ಕೆ ಈ ಅವಧಿಯ ಭಾರವನ್ನು ಅಳೆಯುವ ರೂಢಿಯೇ ಇಲ್ಲ.

ಶಹಾಪುರದ ಒಬ್ಬ ಶಿಕ್ಷಕರು ಶೇ 9ರ ದರದಲ್ಲಿ 20 ವರ್ಷಕ್ಕೆ 20 ಲಕ್ಷ ರೂಪಾಯಿ ಸಾಲ ಪಡೆದರೆಂದು ಇಟ್ಟುಕೊಳ್ಳೋಣ. ತಿಂಗಳ ಕಂತು ಸುಮಾರು 17,995 ರೂಪಾಯಿ. 240 ಕಂತು ಮುಗಿಯುವಾಗ ಅವರು ಕಟ್ಟಿದ್ದು 43 ಲಕ್ಷ 19 ಸಾವಿರದಷ್ಟು. ಅಸಲಿಗಿಂತ ಬಡ್ಡಿಯೇ ಹೆಚ್ಚು: 23 ಲಕ್ಷ 19 ಸಾವಿರ. ಒಂದು ಮನೆ ಕಟ್ಟಿ ಎರಡು ಮನೆಯ ದುಡ್ಡು ಕೊಟ್ಟಂತೆ. ಇಷ್ಟನ್ನು ಕೆಲವರಾದರೂ ಬಲ್ಲರು. ಬಹುಪಾಲು ಜನ ನೋಡದೇ ಹೋಗುವುದು ಸಾಲದ ಖಾತೆಯ ಸ್ಟೇಟ್‌ಮೆಂಟಿನೊಳಗಿನ ಎರಡು ಸಾಲುಗಳನ್ನು. ಮೊದಲ ಕಂತಿನ 17,995 ರೂಪಾಯಿಯಲ್ಲಿ ಬಡ್ಡಿಗೆ ಹೋದದ್ದು 15,000, ಅಸಲಿಗೆ ಹೋದದ್ದು 2,995. ಐದು ವರ್ಷ ಒಂದೂ ಕಂತು ತಪ್ಪಿಸದೆ 10 ಲಕ್ಷ 80 ಸಾವಿರದಷ್ಟು ಕಟ್ಟಿದ ಮೇಲೂ ಬಾಕಿ ಅಸಲು 17 ಲಕ್ಷ 74 ಸಾವಿರ. ಅಷ್ಟು ದುಡ್ಡಿಗೆ ಕರಗಿದ ಸಾಲ ಎರಡೂಕಾಲು ಲಕ್ಷ ಮಾತ್ರ. ಅಸಲು ಅರ್ಧಕ್ಕೆ, ಅಂದರೆ 10 ಲಕ್ಷಕ್ಕೆ ಇಳಿಯಬೇಕಾದರೆ 14 ವರ್ಷ ಹಿಡಿಯುತ್ತದೆ.

ಇದರಲ್ಲಿ ಬ್ಯಾಂಕಿನ ಮೋಸವೇನೂ ಇಲ್ಲ. ಬಾಕಿ ಇರುವ ಅಸಲಿನ ಮೇಲೆ ತಿಂಗಳ ಬಡ್ಡಿ ಮೊದಲು ಮುರಿದುಕೊಂಡು, ಉಳಿದದ್ದನ್ನು ಅಸಲಿಗೆ ಜಮಾ ಮಾಡುವ ಸರಳ ಗಣಿತ ಇದು. ಈ ಗಣಿತ ಗೊತ್ತಿದ್ದವರು ಅವಧಿಯನ್ನು ಬೇರೆ ರೀತಿ ನೋಡುತ್ತಾರೆ. ಅದೇ 20 ಲಕ್ಷವನ್ನು 30 ವರ್ಷಕ್ಕೆ ಎಳೆದರೆ ಕಂತು 16,092ಕ್ಕೆ ಇಳಿಯುತ್ತದೆ. ತಿಂಗಳಿಗೆ ಉಳಿಯುವುದು 1,900 ರೂಪಾಯಿ, ಒಟ್ಟು ಬಡ್ಡಿ ಹೆಚ್ಚುವುದು 14 ಲಕ್ಷ 74 ಸಾವಿರ. 15 ವರ್ಷಕ್ಕೆ ಇಳಿಸಿದರೆ ಕಂತು 2,290 ರೂಪಾಯಿ ಏರುತ್ತದೆ, ಬಡ್ಡಿಯಲ್ಲಿ 6 ಲಕ್ಷ 67 ಸಾವಿರ ಉಳಿಯುತ್ತದೆ. ‘ಕಂತು ಹಗುರ ಮಾಡಿಕೊಡ್ತೀವಿ’ ಎಂಬ ಮಾತು ಸಾಲಗಾರನ ಕಿವಿಗೆ ಉಪಕಾರದಂತೆ ಕೇಳುತ್ತದೆ. ಆ ಉಪಕಾರದ ಬೆಲೆ ಎಷ್ಟೆಂದು ಅದೇ ಉಸಿರಿನಲ್ಲಿ ಹೇಳುವ ಪದ್ಧತಿ ನಮ್ಮಲ್ಲಿ ಇನ್ನೂ ಬಂದಿಲ್ಲ.

ಒಂದು ಆಕ್ಷೇಪ ನ್ಯಾಯವಾದದ್ದು. ಇಪ್ಪತ್ತು ವರ್ಷದಲ್ಲಿ ರೂಪಾಯಿಯ ಬೆಲೆ ಇಳಿಯುತ್ತದೆ, ಸಂಬಳ ಏರುತ್ತದೆ. ಇಂದು ಭಾರವೆನಿಸುವ 18 ಸಾವಿರ 2045ರಲ್ಲಿ ಹಗುರವಾದೀತು. ಸರ್ಕಾರಿ ನೌಕರರ ಮಟ್ಟಿಗೆ ಇದು ನಿಜ. ಆದರೆ ಹತ್ತಿಯ ಬೆಲೆ ವೇತನ ಆಯೋಗದ ಹಾಗೆ ಏರುವುದಿಲ್ಲ. ಹತ್ತಿ, ತೊಗರಿ, ಭತ್ತದ ವ್ಯಾಪಾರವನ್ನೇ ನಂಬಿ ಬದುಕುವ ಅಂಗಡಿಕಾರ, ನಾರಾಯಣಪುರ ಎಡದಂಡೆ ಕಾಲುವೆಯ ನೀರನ್ನು ನೆಚ್ಚಿಕೊಂಡ ರೈತ, ಇವರ ವರಮಾನ ಒಂದು ವರ್ಷ ಮೇಲೆ, ಎರಡು ವರ್ಷ ಕೆಳಗೆ. ಅವರಿಗೆ ಇಪ್ಪತ್ತನೆಯ ವರ್ಷದ ಕಂತು ಮೊದಲನೆಯ ವರ್ಷದ ಕಂತಿನಷ್ಟೇ ಭಾರವಾಗಿರಬಹುದು. ಇನ್ನೊಂದು ತೊಡಕು: ಕಂತು ಪ್ರತಿ ತಿಂಗಳೂ ನಿಗದಿತ ದಿನಕ್ಕೆ ಕೈಚಾಚುತ್ತದೆ, ಬೆಳೆಯ ದುಡ್ಡು ವರ್ಷಕ್ಕೆ ಒಂದೋ ಎರಡೋ ಸಲ ಬರುತ್ತದೆ. ಖಾತೆಯಲ್ಲಿ ಹಣವಿಲ್ಲದೆ ಕಂತು ವಾಪಸಾದರೆ ಶುಲ್ಕ, ಅದರ ಮೇಲೆ ದಂಡ. ಬೆಳೆಸಾಲಕ್ಕೆ ಹಂಗಾಮು ನೋಡಿ ಮರುಪಾವತಿಯ ದಿನ ಗೊತ್ತುಮಾಡುವ ಬ್ಯಾಂಕುಗಳು ಅದೇ ರೈತನ ಗೃಹಸಾಲಕ್ಕೆ ಅದನ್ನೇಕೆ ಮಾಡಬಾರದು? ಜಿಲ್ಲೆಯ ಬ್ಯಾಂಕರ್‌ಗಳ ಸಭೆಗಳಲ್ಲಿ ಗಟ್ಟಿಯಾಗಿ ಕೇಳಬೇಕಾದ ಪ್ರಶ್ನೆ ಇದು.

ದರ ಒಮ್ಮೆ ನಿಗದಿಯಾದರೆ ಹಾಗೇ ಇರುತ್ತದೆ ಎಂಬುದು ಇನ್ನೊಂದು ತಪ್ಪು ನಂಬಿಕೆ. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳ ಹೊಸ ಬದಲಾಗುವ ದರದ ಗೃಹಸಾಲಗಳು ರೆಪೊದಂಥ, ಅಂದರೆ ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡುವ ದರದಂಥ ಹೊರಗಿನ ದರಕ್ಕೆ ಜೋಡಣೆಯಾಗಿವೆ. 2022ರ ಏಪ್ರಿಲ್‌ನಲ್ಲಿ ರೆಪೊ ಶೇ 4 ಇತ್ತು. ಮೇ ತಿಂಗಳಿಂದ ಏರತೊಡಗಿ 2023ರ ಫೆಬ್ರುವರಿಗೆ ಶೇ 6.50 ಮುಟ್ಟಿತು. ಹತ್ತು ತಿಂಗಳಲ್ಲಿ ಎರಡೂವರೆ ಅಂಶ. ಶೇ 6.75ಕ್ಕೆ 20 ವರ್ಷದ ಅವಧಿಗೆ 20 ಲಕ್ಷ ಪಡೆದವರ ಕಂತು 15,207 ರೂಪಾಯಿ ಇದ್ದೀತು. ಒಂದು ವರ್ಷದ ಹೊತ್ತಿಗೆ ಅಸಲು 19.5 ಲಕ್ಷದ ಆಸುಪಾಸು, ದರ ಶೇ 9.25. ಆಗ ಒಂದು ತಿಂಗಳ ಬಡ್ಡಿಯೇ 15,031. ಹಳೆಯ ಕಂತನ್ನೇ ಕಟ್ಟುತ್ತಾ ಹೋದರೆ ಅಸಲಿಗೆ ಜಮೆಯಾಗುವುದು 176 ರೂಪಾಯಿ. ಆ ಕಂತಿನಲ್ಲೇ ಸಾಲ ತೀರಲು ಇನ್ನೂ 48 ವರ್ಷ ಬೇಕು. ಕಂತು ಬದಲಾಗಿಲ್ಲ, ಆದ್ದರಿಂದ ಮನೆಯಲ್ಲಿ ಯಾರಿಗೂ ಸುಳಿವಿಲ್ಲ. ಸಾಲ ಮಾತ್ರ ಮೊಮ್ಮಕ್ಕಳ ಕಾಲಕ್ಕೆ ಸರಿದಿರುತ್ತದೆ.

ದೇಶದ ಎಷ್ಟೋ ಮನೆಗಳಲ್ಲಿ ಅವಧಿ ಹೀಗೆ ಸದ್ದಿಲ್ಲದೆ ಬೆಳೆದದ್ದನ್ನು ಕಂಡೇ ರಿಸರ್ವ್ ಬ್ಯಾಂಕ್ 2023ರ ಆಗಸ್ಟ್ 18ರಂದು ಒಂದು ಸುತ್ತೋಲೆ ಹೊರಡಿಸಿತು. ದರ ಬದಲಾದಾಗ ಕಂತು ಏರಿಸಬೇಕೋ, ಅವಧಿ ಹಿಗ್ಗಿಸಬೇಕೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೋ ಎಂಬ ಆಯ್ಕೆ ಸಾಲಗಾರನದು. ಕಂತು ಬಡ್ಡಿಗೂ ಸಾಲದೆ ಅಸಲೇ ಬೆಳೆಯುವಂತಾಗಬಾರದು. ಮೂರು ತಿಂಗಳಿಗೊಮ್ಮೆ ಕೊಡುವ ವಿವರದಲ್ಲಿ ಈವರೆಗೆ ಎಷ್ಟು ಅಸಲು, ಎಷ್ಟು ಬಡ್ಡಿ ಸಂದಿದೆ, ಎಷ್ಟು ಕಂತು ಉಳಿದಿವೆ ಎಂದು ತೋರಿಸಬೇಕು. ಆ ‘ಎಷ್ಟು ಕಂತು ಉಳಿದಿವೆ’ ಎಂಬ ಅಂಕಿಯೇ ಇಡೀ ಕಾಗದದ ಜೀವ. ಕಳೆದ ಸಲಕ್ಕಿಂತ ಅದು ಮೂರು ಕಡಿಮೆಯಾಗಿರಬೇಕು. ಆಗಿಲ್ಲವೆಂದರೆ ಶಾಖೆಗೆ ಹೋಗಿ ಕೇಳಬೇಕು. 2025ರಲ್ಲಿ ರೆಪೊ ಫೆಬ್ರುವರಿಯಿಂದ ಇಳಿಯತೊಡಗಿ ಡಿಸೆಂಬರ್‌ಗೆ ಶೇ 5.25ಕ್ಕೆ ಬಂತು. ದರ ಏರಿದಾಗ ಕಂತು ಏರಿಸಿಕೊಂಡವರು ಈಗ ಅದನ್ನು ಇಳಿಸಿಕೊಳ್ಳುವ ಬದಲು ಅಷ್ಟನ್ನೇ ಕಟ್ಟುತ್ತಾ ಹೋಗುವುದು ಜಾಣತನ. ಉಳಿದದ್ದೆಲ್ಲ ಅಸಲಿಗೆ ಹೋಗುತ್ತದೆ.

ಕಾಗದಕ್ಕೆ ಬಾರದ ಖರ್ಚು ಇನ್ನೂ ಇದೆ. ನನ್ನ ದೃಷ್ಟಿಯಲ್ಲಿ ಈ ಮೂರು ಊರುಗಳಲ್ಲಿ ನಿಜವಾಗಿ ಮನೆ ಮುರಿಯುವುದು ಅದೇ. 30 ಲಕ್ಷದವರೆಗಿನ ಸಾಲಕ್ಕೆ ಮನೆಯ ಬೆಲೆಯ ಶೇ 90ರವರೆಗೆ ಕೊಡಲು ಬ್ಯಾಂಕಿಗೆ ಅವಕಾಶವಿದೆ. ಉಳಿದ ಪಾಲು, ನೋಂದಣಿ, ಮುದ್ರಾಂಕ, ಎಂಜಿನಿಯರ್ ಅಂದಾಜು, ವಕೀಲರ ಅಭಿಪ್ರಾಯ ಎಲ್ಲವೂ ಕೈಯಿಂದ. ರಾಜ್ಯದಲ್ಲಿ ನೋಂದಣಿ ಶುಲ್ಕವೇ 2025ರ ಆಗಸ್ಟ್ 31ರಿಂದ ಶೇ 1ರಿಂದ ಶೇ 2ಕ್ಕೆ ಏರಿದೆ. ಈ ದುಡ್ಡಿಗೆ ಹೆಂಡತಿಯ ಬಂಗಾರ ಅಡವು ಹೋಗುತ್ತದೆ, ಇಲ್ಲವೇ ಎರಡು ರೂಪಾಯಿ ಬಡ್ಡಿಯ ಕೈಸಾಲ ಬರುತ್ತದೆ. 3 ಲಕ್ಷ ಕೈಸಾಲಕ್ಕೆ ತಿಂಗಳಿಗೆ 6,000 ರೂಪಾಯಿ ಬರೀ ಬಡ್ಡಿ, ಅಸಲು ಇದ್ದಲ್ಲೇ ಇರುತ್ತದೆ. ಬ್ಯಾಂಕಿನ ಕಂತಿನ ಮೂರನೇ ಒಂದು ಭಾಗ ಹೀಗೆ ಬೇರೆ ದಾರಿಯಲ್ಲಿ ಸೋರುತ್ತದೆ. ಮುಕ್ಕಾಲು ರೂಪಾಯಿಯ ಸಾಲ ಪಡೆಯಲು ಎರಡು ರೂಪಾಯಿಯ ಸಾಲ ಮಾಡುವ ಮನೆಯವರು ಒಂದೆರಡು ವರ್ಷ ತಡೆದು ಕೂಡಿಟ್ಟುಕೊಂಡರೆ ಕಳೆದುಕೊಳ್ಳುವುದು ಕಡಿಮೆ.

ಇನ್ನು ಜಾಗದ ಕಾಗದ. 2009ರ ಡಿಸೆಂಬರ್ 30ರಂದು ಯಾದಗಿರಿ ಜಿಲ್ಲೆಯಾದ ಮೇಲೆ ಊರ ಸುತ್ತ ನಿವೇಶನಗಳ ವ್ಯಾಪಾರ ಬೆಳೆಯಿತು. ಕೃಷಿಯೇತರ ಪರಿವರ್ತನೆಯಾಗದ, ಇ-ಸ್ವತ್ತಿನ ನಮೂನೆ 9 ಮತ್ತು 11 ಸಿಗದ ಜಾಗಕ್ಕೆ ಬ್ಯಾಂಕು ಸಾಲ ಕೊಡಲು ಹಿಂದೇಟು ಹಾಕುತ್ತದೆ. ಅಂಥವರನ್ನು ಹುಡುಕಿಕೊಂಡು ಬರುವವು ಹೆಚ್ಚಿನ ದರದ ಹಣಕಾಸು ಕಂಪನಿಗಳು. ಅದೇ 20 ಲಕ್ಷಕ್ಕೆ ಶೇ 14ರಂತೆ 20 ವರ್ಷ ಕಟ್ಟಿದರೆ ಕಂತು 24,870, ಒಟ್ಟು 59 ಲಕ್ಷ 69 ಸಾವಿರ. ಬ್ಯಾಂಕಿನ ಲೆಕ್ಕಕ್ಕಿಂತ ಹದಿನಾರೂವರೆ ಲಕ್ಷ ಹೆಚ್ಚು. ನಿವೇಶನ ಕೊಳ್ಳುವಾಗ ಅಗ್ಗಕ್ಕೆ ಸಿಕ್ಕಿತೆಂದು ಸಂತೋಷಪಟ್ಟವರು ಈ ವ್ಯತ್ಯಾಸವನ್ನೂ ನಿವೇಶನದ ಬೆಲೆಗೇ ಸೇರಿಸಿ ನೋಡಬೇಕು.

ಕಟ್ಟಡ ಏಳುವ ಕಾಲಕ್ಕೂ ಬೆಲೆಯಿದೆ. ಸಾಲ ಹಂತಹಂತವಾಗಿ ಬಿಡುಗಡೆಯಾಗುವಾಗ ಮನೆ ಮುಗಿಯುವತನಕ ಕಟ್ಟುವುದು ಬಹುತೇಕ ಬಡ್ಡಿ ಮಾತ್ರ. 10 ಲಕ್ಷ ಬಿಡುಗಡೆಯಾಗಿದ್ದರೆ ತಿಂಗಳಿಗೆ 7,500. ವರ್ಷ ತಡವಾದರೆ 90 ಸಾವಿರ ಹೋಗುತ್ತದೆ, ಅಸಲು ಒಂದು ರೂಪಾಯಿಯೂ ಇಳಿಯುವುದಿಲ್ಲ. ಈ ಜಿಲ್ಲೆಯ ಗೌಂಡಿಗಳು, ಕೂಲಿಗಳು ಗುಳೆ ಹೋಗಿ ಬೆಂಗಳೂರು, ಮುಂಬೈಯ ಕಟ್ಟಡ ಕಟ್ಟುತ್ತಿರುವಾಗ ಇಲ್ಲಿ ಸ್ಲ್ಯಾಬ್ ಹಾಕಲು ಆಳು ಸಿಗದೆ ಕೆಲಸ ನಿಲ್ಲುವುದು ಹೊಸತಲ್ಲ. ನಿಂತ ಕೆಲಸದ ಬಡ್ಡಿ ನಿಲ್ಲುವುದಿಲ್ಲ. ವಿಮೆಯ ಲೆಕ್ಕವೂ ಹೀಗೆಯೇ. ಸಾಲದ ಜೊತೆಗೆ ಅದು ಕಡ್ಡಾಯವೆಂದು ಹೇಳಿ, 60 ಸಾವಿರದ ಪ್ರೀಮಿಯಂ ಅನ್ನು ಅಸಲಿಗೇ ಸೇರಿಸಿದರೆ ಅದು 20 ವರ್ಷದಲ್ಲಿ 1 ಲಕ್ಷ 30 ಸಾವಿರವಾಗುತ್ತದೆ. ದುಡಿಯುವವರ ಜೀವಕ್ಕೆ ವಿಮೆ ಇರಬೇಕು, ಖಂಡಿತ. ಅದನ್ನು ಬೇರೆಯಾಗಿ, ವರ್ಷವರ್ಷ ಕಟ್ಟುವ ಅವಧಿ ವಿಮೆಯಾಗಿ ಪಡೆದರೆ ಅದರ ಮೇಲೆ ಬಡ್ಡಿ ಬೀಳುವುದಿಲ್ಲ.

ತೆರಿಗೆ ಉಳಿಯುತ್ತದೆ ಎಂಬ ಮಾತಿಗೂ ಈಗ ಬೆಲೆ ಕಡಿಮೆ. ಹೊಸ ತೆರಿಗೆ ಪದ್ಧತಿಯಲ್ಲಿ ತಾನೇ ವಾಸಿಸುವ ಮನೆಯ ಸಾಲದ ಬಡ್ಡಿಗೆ ವಿನಾಯಿತಿ ಇಲ್ಲ. 2025-26ರಿಂದ ಆ ಪದ್ಧತಿಯಲ್ಲಿ 12 ಲಕ್ಷದವರೆಗಿನ ಆದಾಯಕ್ಕೆ ತೆರಿಗೆಯೂ ಇಲ್ಲ. ಇಲ್ಲದ ತೆರಿಗೆಯನ್ನು ಉಳಿಸಲು ಯಾರೂ ಬಡ್ಡಿ ಕಟ್ಟಬೇಕಾಗಿಲ್ಲ.

ಈ ಭಾಗದ ಯುವ ನೌಕರರಿಗೆ ಇನ್ನೊಂದು ಮಾತು ಹೇಳಲೇಬೇಕು. ಈ ಭಾಗದವರಿಗೆ ನೌಕರಿಯಲ್ಲಿ ಮೀಸಲಾತಿ ಕೊಡುವ ಸಂವಿಧಾನದ 371(ಜೆ) ವಿಧಿ ಬಂದ ಮೇಲೆ ನೇಮಕವಾದ ಶಿಕ್ಷಕರು, ಪಿಡಿಒಗಳು, ಶುಶ್ರೂಷಕಿಯರು ಈಗ ಮನೆ ಕಟ್ಟುವ ವಯಸ್ಸಿನಲ್ಲಿದ್ದಾರೆ. 2006ರ ಏಪ್ರಿಲ್ 1ರ ನಂತರ ಸೇರಿದ ರಾಜ್ಯ ನೌಕರರಾದ ಕಾರಣ ಇವರು ಹೊಸ ಪಿಂಚಣಿ ಯೋಜನೆಯ (ಎನ್‌ಪಿಎಸ್) ವ್ಯಾಪ್ತಿಗೆ ಬಂದವರು. ಅಪ್ಪನ ಕಾಲದ ನಿಶ್ಚಿತ ಪಿಂಚಣಿಯನ್ನು ನೆನೆದು ಸಾಲದ ಅವಧಿ ಗೊತ್ತುಮಾಡುವಂತಿಲ್ಲ. 60ಕ್ಕೆ ನಿವೃತ್ತಿ. 38ನೇ ವಯಸ್ಸಿಗೆ ಪಡೆದ 20 ವರ್ಷದ ಸಾಲ ದರ ಏರಿ ಇನ್ನೂ ನಾಲ್ಕು ವರ್ಷ ಹಿಗ್ಗಿದರೆ ಕೊನೆಯ ಕಂತುಗಳು ನಿವೃತ್ತಿಯ ದುಡ್ಡಿನಿಂದ ಹೋಗುತ್ತವೆ. ವಯಸ್ಸಾದ ಕಾಲದ ಔಷಧಿಯ ಹಣ ಅದು.

ಹೊರಬರುವ ದಾರಿ ಅಷ್ಟೇನೂ ಕಠಿಣವಲ್ಲ. ಬದಲಾಗುವ ದರದಲ್ಲಿ ಒಬ್ಬ ವ್ಯಕ್ತಿ ಪಡೆದ ಗೃಹಸಾಲವನ್ನು ಮೊದಲೇ ತೀರಿಸಿದರೆ ದಂಡ ಹಾಕುವಂತಿಲ್ಲ. ನಾವು ತೆಗೆದುಕೊಂಡ ಉದಾಹರಣೆಯಲ್ಲಿ ಮೊದಲ ವರ್ಷದ ಕೊನೆಗೆ 1 ಲಕ್ಷ ರೂಪಾಯಿ ಹೆಚ್ಚಿಗೆ ಕಟ್ಟಿದರೆ ಕೊನೆಯ 27 ಕಂತು ಹಾರಿಹೋಗುತ್ತವೆ. ಅದೇ 1 ಲಕ್ಷವನ್ನು 15 ವರ್ಷವಾದ ಮೇಲೆ ಕಟ್ಟಿದರೆ ಉಳಿಯುವುದು 8 ಕಂತು. ಮೊದಲ ತಿಂಗಳಿಂದ 1,500 ಹೆಚ್ಚಿಗೆ ಕಟ್ಟುತ್ತಾ ಹೋದರೂ ಸಾಲ 16 ವರ್ಷ 5 ತಿಂಗಳಿಗೆ ಮುಗಿದು ಐದು ಲಕ್ಷದಷ್ಟು ಬಡ್ಡಿ ಉಳಿಯುತ್ತದೆ. ಹತ್ತಿಗೆ ಒಳ್ಳೆಯ ಬೆಲೆ ಸಿಕ್ಕ ವರ್ಷದ ಹೆಚ್ಚಿನ ದುಡ್ಡು, ಹಿಂಬಾಕಿ ವೇತನ, ಹಬ್ಬದ ಮುಂಗಡ ಏನೇ ಇರಲಿ, ಮೊದಲ ಐದು ವರ್ಷದಲ್ಲಿ ಅದು ಹೋಗಬೇಕಾದ ಜಾಗ ಅಸಲು. ಕಟ್ಟುವಾಗ ‘ಕಂತು ಇಳಿಸಬೇಡಿ, ಅವಧಿ ಇಳಿಸಿ’ ಎಂದು ಅರ್ಜಿಯಲ್ಲಿ ಬರೆದುಕೊಡಬೇಕು.

ಸಹಿಗೆ ಮುಂಚೆ ಕೇಳಿ ಪಡೆಯಬೇಕಾದ ಕಾಗದವೂ ಒಂದಿದೆ. 2024ರ ಅಕ್ಟೋಬರ್ 1ರಿಂದ ಸಾಲದ ಪ್ರಮುಖ ಅಂಶಗಳ ಪಟ್ಟಿಯನ್ನು ಸಾಲಗಾರನಿಗೆ ತಿಳಿಯುವ ಭಾಷೆಯಲ್ಲೇ ಕೊಟ್ಟು, ವಿವರಿಸಿ, ವಿವರಿಸಿದ್ದಕ್ಕೆ ಸಹಿ ಪಡೆಯಬೇಕು. ಶುಲ್ಕ, ವಿಮೆ ಎಲ್ಲ ಸೇರಿದ ನಿಜವಾದ ವಾರ್ಷಿಕ ದರ ಮತ್ತು ಕಂತುಕಂತಿನ ಅಸಲು-ಬಡ್ಡಿಯ ಪಟ್ಟಿ ಅದರಲ್ಲಿರಬೇಕು. ಒಪ್ಪಲು ಕನಿಷ್ಠ ಮೂರು ಕೆಲಸದ ದಿನದ ಸಮಯವೂ ಉಂಟು. ಆ ಪಟ್ಟಿಯನ್ನು ಕನ್ನಡದಲ್ಲೇ ಕೇಳಿ, ಮನೆಗೆ ತಂದು, ಮನೆಯವರೆಲ್ಲ ಕೂತು ಓದಬೇಕು. ಜಿಲ್ಲಾಡಳಿತ ಮತ್ತು ಲೀಡ್ ಬ್ಯಾಂಕು ಆರ್ಥಿಕ ಸಾಕ್ಷರತೆಯ ಶಿಬಿರಗಳಲ್ಲಿ ಈ ಒಂದು ಕಾಗದವನ್ನು ಓದುವುದನ್ನು ಕಲಿಸಿದರೆ ಭಾಷಣಗಳಿಗಿಂತ ಹೆಚ್ಚು ಉಪಯೋಗವಾಗುತ್ತದೆ.

ಕೊನೆಯ ಕಂತು ಮುಗಿದ ಮೇಲೂ ಒಂದು ಕೆಲಸ ಉಳಿದಿರುತ್ತದೆ. ಸಾಲ ತೀರಿದ 30 ದಿನದೊಳಗೆ ಮೂಲ ಕಾಗದಪತ್ರ ಹಿಂದಿರುಗಿಸಿ, ನೋಂದಾಯಿತ ಋಣಭಾರವನ್ನು ತೆಗೆಸುವುದು ಸಾಲ ಕೊಟ್ಟವರ ಹೊಣೆ. ಅವರ ತಪ್ಪಿನಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕು. 2023ರ ಡಿಸೆಂಬರ್ 1ರಿಂದ ಈ ನಿಯಮ ಜಾರಿಯಲ್ಲಿದೆ. ಕಾಗದ ಕೈಗೆ ಬಂದ ವಾರದಲ್ಲೇ ಉಪನೋಂದಣಾಧಿಕಾರಿ ಕಚೇರಿಯಿಂದ ಹೊಸ ಋಣಭಾರ ಪ್ರಮಾಣಪತ್ರ ತೆಗೆಸಿ, ಬ್ಯಾಂಕಿನ ಹೆಸರು ಅಳಿದಿದೆಯೇ ಎಂದು ನೋಡಿಕೊಳ್ಳಬೇಕು.