201ನೇ ಯೂನಿಟ್‌ನ ಬೆಲೆ

ಕರ್ನಾಟಕದ ಮನೆಯೊಂದು ತಿಂಗಳಲ್ಲಿ ಬಳಸುವ 201ನೇ ಯೂನಿಟ್ ವಿದ್ಯುತ್ತಿಗೆ ಬೆಲೆ ಎಷ್ಟು? 2025–26ರ ದರಪಟ್ಟಿಯ ಪ್ರಕಾರ ₹5.80. ಆದರೆ ರಾಜ್ಯ ಸರ್ಕಾರದ ಉಚಿತ ವಿದ್ಯುತ್ ಯೋಜನೆಯಾದ ಗೃಹಜ್ಯೋತಿಯಲ್ಲಿ ಪೂರ್ಣ 200 ಯೂನಿಟ್‌ನ ಅರ್ಹತೆ ಪಡೆದಿರುವ, 3 ಕಿಲೋವಾಟ್ ಲೋಡ್ ಮಂಜೂರಾಗಿರುವ ಮನೆಯ ಬಿಲ್ ಬೇರೆಯೇ ಉತ್ತರ ಕೊಡುತ್ತದೆ. 200 ಯೂನಿಟ್‌ಗೆ ನಿಂತರೆ ಬಿಲ್ ಸೊನ್ನೆ. 201 ಆದರೆ ಮೊದಲ ಯೂನಿಟ್‌ನಿಂದಲೇ ಹಣ ಕಟ್ಟಬೇಕು: ಬಳಕೆ ಶುಲ್ಕ ₹1,166, ಕಿಲೋವಾಟ್‌ಗೆ ₹145ರಂತೆ ನಿಗದಿತ ಶುಲ್ಕ ₹435, ನೌಕರರ ಪಿಂಚಣಿ–ಗ್ರಾಚ್ಯುಟಿಗೆಂದು ಯೂನಿಟ್‌ಗೆ 36 ಪೈಸೆಯಂತೆ ₹72, ಬಳಕೆ ಶುಲ್ಕದ ಮೇಲೆ ಶೇ 9ರ ತೆರಿಗೆ ₹105. ಒಟ್ಟು ₹1,778. ಒಂದು ಯೂನಿಟ್ ಎಂದರೆ 2,000 ವಾಟ್‌ನ ಗೀಸರ್ ಅರ್ಧ ಗಂಟೆ ಓಡುವುದು, ಅಷ್ಟೇ.

ಗೃಹಜ್ಯೋತಿ ಬೇಡ ಎನ್ನುವುದು ಈ ಬರಹದ ವಾದವಲ್ಲ. ದಿನಗೂಲಿಯ ಮನೆಗೆ, ಪಿಂಚಣಿ ನೆಚ್ಚಿಕೊಂಡ ವೃದ್ಧರಿಗೆ ತಿಂಗಳಿಗೆ ಐದಾರು ನೂರು ರೂಪಾಯಿ ಉಳಿಯುವುದು ಸಣ್ಣ ಮಾತಲ್ಲ. ಪ್ರಶ್ನೆ ಇರುವುದು ಯೋಜನೆಯ ಗೆರೆಯನ್ನು ಎಳೆದಿರುವ ರೀತಿಯಲ್ಲಿ.

ಮನೆ ಬಳಕೆಯ ವಿದ್ಯುತ್ತಿಗೆ ಹಂತ ಹಂತವಾಗಿ ಏರುವ ದರ, ಅಂದರೆ ಸ್ಲ್ಯಾಬ್ ಪದ್ಧತಿ, ನಮ್ಮಲ್ಲಿ ಬಹುಕಾಲದಿಂದ ಇತ್ತು. 2022ರ ಆದೇಶದಂತೆ ಬೆಂಗಳೂರಿನಲ್ಲಿ ಮೊದಲ 50 ಯೂನಿಟ್‌ಗೆ ₹4.15, ಮುಂದಿನ 50ಕ್ಕೆ ₹5.60, 101ರಿಂದ 200ರವರೆಗೆ ₹7.15, ಅದರಾಚೆ ₹8.20. ಹೊಸ ದರ ಬೀಳುತ್ತಿದ್ದುದು ಹಂತ ದಾಟಿದ ಯೂನಿಟ್‌ಗಳಿಗೆ ಮಾತ್ರ. ಮನೆಯ ಲೆಕ್ಕ ನೋಡಿಕೊಳ್ಳುವವರಿಗೆ ಇದು ಅರ್ಥವಾಗುತ್ತಿತ್ತು: ಹೆಚ್ಚು ಸುಟ್ಟಷ್ಟೂ ಯೂನಿಟ್ ದುಬಾರಿ, ಕಡಿಮೆ ಮಾಡಿದಷ್ಟೂ ಲಾಭ. 2023ರ ಮೇ ತಿಂಗಳಲ್ಲಿ ಬಂದ ಕರ್ನಾಟಕ ವಿದ್ಯುಚ್ಛಕ್ತಿ ನಿಯಂತ್ರಣ ಆಯೋಗದ ಆದೇಶ ಇದನ್ನು ಕೆಡಿಸಿತು. 100 ಯೂನಿಟ್‌ವರೆಗೆ ₹4.75, 100 ದಾಟಿದರೆ ಎಲ್ಲ ಯೂನಿಟ್‌ಗಳಿಗೂ ₹7. ನೂರನೇ ಯೂನಿಟ್‌ಗೆ ₹475 ಇದ್ದ ಬಳಕೆ ಶುಲ್ಕ ನೂರೊಂದಕ್ಕೆ ₹707 ಆಯಿತು. ಆ ಜೂನ್‌ನಲ್ಲಿ ಬಿಲ್ ಕೈಗೆ ಬಂದಾಗ ಜನ ಗಾಬರಿಯಾದದ್ದು ಸಹಜ. 2024ರ ಫೆಬ್ರುವರಿಯ ಆದೇಶ ಹಂತಗಳನ್ನೇ ಕಿತ್ತುಹಾಕಿ ಎಲ್ಲರಿಗೂ ₹5.90 ಮಾಡಿತು. 2025ರ ಏಪ್ರಿಲ್‌ನಿಂದ ಅದು ₹5.80, ನಿಗದಿತ ಶುಲ್ಕ ಕಿಲೋವಾಟ್‌ಗೆ ₹120ರಿಂದ ₹145ಕ್ಕೆ ಏರಿತು.

ಏಕರೂಪ ದರ ಕೇಳಲು ಚೆಂದ. ಯಾರಿಗೆ ಅನುಕೂಲವಾಯಿತು ಎಂದು ಲೆಕ್ಕ ಹಾಕಿದರೆ ಚಿತ್ರ ಬದಲಾಗುತ್ತದೆ. ತೆರಿಗೆ ಮತ್ತು ಇಂಧನ ಹೊಂದಾಣಿಕೆ ಶುಲ್ಕ ಬದಿಗಿಟ್ಟು ನೋಡೋಣ. ಎರಡು ಎ.ಸಿ. ಇರುವ, ತಿಂಗಳಿಗೆ 400 ಯೂನಿಟ್ ಬಳಸುವ ಬೆಂಗಳೂರಿನ ಮನೆಗೆ 2022ರಲ್ಲಿ ಬಳಕೆ ಶುಲ್ಕ ₹2,842 ಆಗುತ್ತಿತ್ತು. 2025–26ರಲ್ಲಿ ಪಿಂಚಣಿಯ 36 ಪೈಸೆ ಸೇರಿಸಿದರೂ ₹2,464. 60 ಯೂನಿಟ್ ಬಳಸುವ ಮನೆ ಗೃಹಜ್ಯೋತಿಯ ಹೊರಗಿದ್ದರೆ, ಅದರ ಲೆಕ್ಕ ₹263ರಿಂದ ₹370ಕ್ಕೆ ಏರಿದೆ. ಹೆಚ್ಚು ಬಳಸುವವರಿಗೆ ದರ ಇಳಿದು, ಕಡಿಮೆ ಬಳಸುವವರಿಗೆ ಏರಿದೆ. ಬಾಡಿಗೆ ಕರಾರು ಇಲ್ಲದೆ ನೋಂದಣಿ ಸಾಧ್ಯವಾಗದ ಬಾಡಿಗೆದಾರರು ಈ ಎರಡನೇ ಗುಂಪಿನವರು.

ದರಪಟ್ಟಿಯಿಂದ ಹಂತಗಳು ಹೋದವು ನಿಜ. ಅವೆಲ್ಲವುಗಳ ಎತ್ತರ 200ನೇ ಯೂನಿಟ್‌ನಲ್ಲಿ ಒಂದೇ ಗೋಡೆಯಾಗಿ ಎದ್ದು ನಿಂತಿದೆ.

ಆ ಗೋಡೆಯ ಈಚೆಗೆ ಇರುವವರ ಸ್ಥಿತಿಯನ್ನೂ ನೋಡಬೇಕು. 2023ರ ಜುಲೈನಲ್ಲಿ ಜಾರಿಗೆ ಬಂದ ಗೃಹಜ್ಯೋತಿ ಎಲ್ಲರಿಗೂ 200 ಯೂನಿಟ್ ಕೊಡುವುದಿಲ್ಲ. 2022–23ರ ಸಾಲಿನ ತಿಂಗಳ ಸರಾಸರಿ ಬಳಕೆ, ಅದರ ಮೇಲೆ ಶೇ 10. ತೀರಾ ಕಡಿಮೆ ಬಳಸುವವರಿಗೆ ಆಮೇಲೆ ಶೇಕಡಾವಾರಿನ ಬದಲು 10 ಯೂನಿಟ್ ಎಂದಾಯಿತು. ಅರ್ಹತೆ ಮೀರಿ 200ರ ಒಳಗೆ ನಿಂತರೆ ಮೀರಿದ್ದಕ್ಕಷ್ಟೇ ಹಣ. ಅಂದರೆ 2022ರಲ್ಲಿ ಹಂತ ದರಕ್ಕೆ ಹೆದರಿ, ಫ್ಯಾನ್ ಆರಿಸಿ, ಸೌದೆ ಒಲೆಯ ಹಂಡೆಯಲ್ಲೇ ನೀರು ಕಾಯಿಸಿಕೊಂಡು 70 ಯೂನಿಟ್‌ನಲ್ಲಿ ಸಂಸಾರ ತೂಗಿಸಿದ ಮನೆಗೆ 80 ಯೂನಿಟ್ ಒಳಗೇ ಉಚಿತ. ಅದೇ ಬೀದಿಯಲ್ಲಿ ಯೋಚನೆಯಿಲ್ಲದೆ 180 ಬಳಸಿದ ಮನೆಗೆ 198. ಮಿತವಾಗಿ ಬಳಸಿದ್ದಕ್ಕೆ ಇಂಥ ಶಿಕ್ಷೆ ಕೊಡುವ ನಿಯಮವನ್ನು ಯಾವ ನ್ಯಾಯದಿಂದಲೂ ಸಮರ್ಥಿಸಲಾಗದು. ಮುಂದೆ ಯೋಜನೆ ಪರಿಷ್ಕರಣೆಯಾದರೆ ಮತ್ತೆ ಇತ್ತೀಚಿನ ಬಳಕೆಯನ್ನೇ ಆಧಾರ ಮಾಡಿಕೊಂಡಾರು ಎಂಬ ಅನುಮಾನ ಜನರಿಗೆ ಬಂದರೆ, ಉಳಿತಾಯ ಮಾಡಲು ಯಾರು ಮುಂದೆ ಬರುತ್ತಾರೆ?

ಸರಾಸರಿಯ ಇನ್ನೊಂದು ತೊಡಕು ಋತುಮಾನದ್ದು. ಮಡಿಕೇರಿಗೂ ರಾಯಚೂರಿಗೂ ಗೆರೆ ಒಂದೇ. ಬೇಸಿಗೆಯಲ್ಲಿ ತಾಪಮಾನ 40 ಡಿಗ್ರಿ ದಾಟುವ ಕಲಬುರಗಿ, ರಾಯಚೂರು, ಬಳ್ಳಾರಿಯಲ್ಲಿ ಏಪ್ರಿಲ್–ಮೇ ತಿಂಗಳ ಬಳಕೆಯೇ ಬೇರೆ, ಡಿಸೆಂಬರ್‌ನದೇ ಬೇರೆ. ವರ್ಷದ ಸರಾಸರಿ ಈ ಏರಿಳಿತವನ್ನು ಮುಚ್ಚಿಹಾಕುತ್ತದೆ. ವರ್ಷವಿಡೀ ಒಟ್ಟು ಮಾಡಿದರೆ ತಿಂಗಳಿಗೆ 160 ಯೂನಿಟ್‌ ಬರುವ ಮನೆ ಬೇಸಿಗೆಯ ಎರಡು ತಿಂಗಳು 220 ಬಳಸಿತೆಂದು ಪೂರ್ತಿ ಬಿಲ್ ಕಟ್ಟುತ್ತದೆ. ಫ್ಯಾನ್ ಹಾಕದೆ ಮಗುವನ್ನು ಮಲಗಿಸಲಾಗದ ತಿಂಗಳುಗಳೇ ಅವು.

ಈ ಗೆರೆಯ ಅಂಚಿನಲ್ಲಿ ಇರುವವರು ಶ್ರೀಮಂತರೇನೂ ಅಲ್ಲ. ನಾಲ್ಕು ಜನರ, ಎ.ಸಿ. ಇಲ್ಲದ ಮನೆಯ ಒಂದು ದಿನವನ್ನು ಕೂಡಿಸಿ ನೋಡಿ. ಒಂದು ಬಕೆಟ್ ಸ್ನಾನದ ನೀರನ್ನು 40 ಡಿಗ್ರಿಗೆ ಕಾಯಿಸಲು ಯೂನಿಟ್‌ನ ಮೂರನೇ ಒಂದು ಭಾಗ ಬೇಕು. ನಾಲ್ವರಿಗೆ ಸುಮಾರು 1.4 ಯೂನಿಟ್. ಸಾಧಾರಣ ಫ್ರಿಜ್ 0.8. ಮೂರು ಹಳೆಯ ಫ್ಯಾನ್, ತಲಾ 75 ವಾಟ್, ಹತ್ತು ಗಂಟೆ: 2.25. ಟಿ.ವಿ. ಮತ್ತು ಸೆಟ್‌ಟಾಪ್ ಬಾಕ್ಸ್ ಅರ್ಧ ಯೂನಿಟ್ ಚಿಲ್ಲರೆ. ಸಂಪಿನಿಂದ ನೀರೆತ್ತುವ ಮೋಟರ್ ಅರ್ಧ ಗಂಟೆಗೆ ಅರ್ಧ ಯೂನಿಟ್. ದೀಪಗಳು 0.4, ಮಿಕ್ಸಿ–ಗ್ರೈಂಡರ್–ಇಸ್ತ್ರಿ–ವಾಷಿಂಗ್ ಮೆಷಿನ್ ಎಲ್ಲ ಸೇರಿ ಇನ್ನೊಂದು 0.4. ಒಟ್ಟು 6.3. ತಿಂಗಳಿಗೆ 189 ಯೂನಿಟ್. 200ರ ಗೆರೆ ಎಂದರೆ ದಿನಕ್ಕೆ 6.66. ನೆಂಟರು ನಾಲ್ಕು ದಿನ ಉಳಿದರೆ ಸಾಕು, ಗೆರೆ ದಾಟುತ್ತದೆ.

ಅದೇ ಮನೆಗೆ ಬೇಸಿಗೆ ಬರಲಿ. ಗೀಸರ್ ಪೂರ್ತಿ ನಿಂತಿತು ಎಂದೇ ಇಟ್ಟುಕೊಳ್ಳಿ. ಫ್ಯಾನ್‌ಗಳು ಹದಿನಾರು ಗಂಟೆ ತಿರುಗುತ್ತವೆ, 200 ವಾಟ್‌ನ ಕೂಲರ್ ಎಂಟು ಗಂಟೆ ಓಡುತ್ತದೆ. ದಿನಕ್ಕೆ 7.85, ತಿಂಗಳಿಗೆ 235 ಯೂನಿಟ್, ಬಿಲ್ ಸುಮಾರು ₹2,000. ಈಗ ಆ ಮೂರು ಫ್ಯಾನ್‌ಗಳ ಜಾಗದಲ್ಲಿ 30 ವಾಟ್‌ನ ಬಿಎಲ್‌ಡಿಸಿ ಫ್ಯಾನ್ ಹಾಕಿ. ದಿನಕ್ಕೆ 2.16 ಯೂನಿಟ್ ಇಳಿದು ತಿಂಗಳ ಬಳಕೆ 171ಕ್ಕೆ ಬರುತ್ತದೆ. ಒಂದಕ್ಕೆ ₹3,000ದಂತೆ ಮೂರು ಫ್ಯಾನ್‌ಗೆ ಕೊಟ್ಟ ಹಣ ಎರಡು ಬೇಸಿಗೆಯಲ್ಲಿ ವಾಪಸ್. ಕರೆಂಟ್ ಉಳಿಸಿ ಎಂದರೆ ನಮಗೆ ಮೊದಲು ಹೊಳೆಯುವುದು ಲೈಟ್ ಆರಿಸುವುದು. 9 ವಾಟ್‌ನ ಎಲ್‌ಇಡಿ ಬಲ್ಬ್ ಐದು ಗಂಟೆ ಉರಿದರೂ ಯೂನಿಟ್‌ನ ಇಪ್ಪತ್ತನೇ ಒಂದು ಭಾಗ ಮುಟ್ಟುವುದಿಲ್ಲ. ಇಂದಿನ ಮನೆಗಳಲ್ಲಿ ಹಣ ಸೋರುವುದು ನೀರು ಕಾಯಿಸುವಲ್ಲಿ, ಗಾಳಿ ಮತ್ತು ತಂಪಿನಲ್ಲಿ, ಹಳೆಯ ಫ್ರಿಜ್‌ನಲ್ಲಿ. ಎ.ಸಿ. ಇದ್ದವರಿಗೆ ಇಂಧನ ದಕ್ಷತಾ ಬ್ಯೂರೊ ಹೇಳುವ ಲೆಕ್ಕ ನೆನಪಿರಲಿ: ಒಂದು ಡಿಗ್ರಿ ಏರಿಸಿದರೆ ಸುಮಾರು ಶೇ 6ರಷ್ಟು ವಿದ್ಯುತ್ ಉಳಿಯುತ್ತದೆ.

ಅಂದಾಜು ಮಾಡಲು ಯಾವ ಉಪಕರಣವೂ ಬೇಡ, ಗೋಡೆಯ ಮೇಲಿನ ಮೀಟರ್ ಸಾಕು. ಡಿಜಿಟಲ್ ಮೀಟರ್‌ನ ಮುಖದಲ್ಲಿ ಒಂದು ಪುಟ್ಟ ಕೆಂಪು ದೀಪ ಮಿನುಗುತ್ತಿರುತ್ತದೆ, ಪಕ್ಕದಲ್ಲಿ ಒಂದು ಯೂನಿಟ್‌ಗೆ ಎಷ್ಟು ಮಿನುಗು ಎಂದು ಬರೆದಿರುತ್ತದೆ. ಬಹಳ ಮೀಟರ್‌ಗಳಲ್ಲಿ ಅದು 3200. ಹಾಗಿದ್ದರೆ ನಿಮಿಷಕ್ಕೆ ಒಂದು ಮಿನುಗು ಎಂದರೆ ಸುಮಾರು 19 ವಾಟ್. 75 ವಾಟ್‌ನ ಫ್ಯಾನ್ ಒಂದೇ ಓಡುತ್ತಿದ್ದರೆ ನಿಮಿಷಕ್ಕೆ ನಾಲ್ಕು. ಗೀಸರ್ ಹಾಕಿದರೆ ನಿಮಿಷಕ್ಕೆ ನೂರು ದಾಟಿ, ಎಣಿಸುವುದೇ ಕಷ್ಟ. ರಾತ್ರಿ ದೀಪ, ಫ್ಯಾನ್ ಎಲ್ಲ ಆರಿಸಿ, ಫ್ರಿಜ್‌ನ ಪ್ಲಗ್ ಐದು ನಿಮಿಷ ತೆಗೆದು ನೋಡಿ. ಆಗಲೂ ನಿಮಿಷಕ್ಕೊಂದು ಮಿನುಗು ಇದ್ದರೆ, ಟಿ.ವಿ. ಬಾಕ್ಸ್, ವೈಫೈ, ಚಾರ್ಜರ್ ಹೀಗೆ ಯಾವುದೋ ಒಂದು ತಿಂಗಳಿಗೆ 13 ಯೂನಿಟ್ ಎಳೆಯುತ್ತಿದೆ ಎಂದರ್ಥ. 189ರಲ್ಲಿ ನಿಂತ ಮನೆಗೆ 13 ಯೂನಿಟ್ ಎಂದರೆ ಗೆರೆಯ ಈಚೆ, ಆಚೆ. ಮೀಟರ್ ರೀಡರ್ ಬಂದುಹೋದ ದಿನದ ರೀಡಿಂಗ್ ಬಿಲ್‌ನಲ್ಲೇ ಇರುತ್ತದೆ. ಅಲ್ಲಿಂದ ಹತ್ತನೇ ದಿನಕ್ಕೆ 66, ಇಪ್ಪತ್ತನೇ ದಿನಕ್ಕೆ 133 ದಾಟಿದ್ದರೆ ಉಳಿದ ಹತ್ತು ದಿನದಲ್ಲಿ ಕೈ ಬಿಗಿಹಿಡಿಯಬಹುದು. ಯೋಜನೆಯ ಹೊರಗಿರುವವರು ಇನ್ನೊಂದನ್ನು ಗಮನಿಸಬೇಕು: ಮಂಜೂರಾದ ಲೋಡ್. ಮನೆ ಕಟ್ಟುವಾಗ ಎಲೆಕ್ಟ್ರಿಷಿಯನ್ ಬರೆಸಿದ 5 ಕಿಲೋವಾಟ್ ಹಾಗೇ ಉಳಿದಿರುತ್ತದೆ, ಬಳಕೆ ಮೂರನ್ನು ಮೀರುವುದಿಲ್ಲ. 2025–26ರ ದರದಲ್ಲಿ ಬೇಡದ ಪ್ರತಿ ಕಿಲೋವಾಟ್‌ಗೆ ವರ್ಷಕ್ಕೆ ₹1,740 ಸುಮ್ಮನೆ ಹೋಗುತ್ತದೆ. ಉಪವಿಭಾಗದ ಕಚೇರಿಗೆ ಅರ್ಜಿ ಕೊಟ್ಟು ಇಳಿಸಿಕೊಳ್ಳಬಹುದು.

ಮನೆಯವರು ಇಷ್ಟು ಮಾಡಬಹುದು. ಆದರೆ ಯೋಜನೆಯ ಒಳಗಿರುವವರಲ್ಲಿ ಬಿಎಲ್‌ಡಿಸಿ ಫ್ಯಾನ್‌ನಿಂದ ಲಾಭವಾಗುವುದು ತಮ್ಮ ಅರ್ಹತೆಯನ್ನೋ 200ರ ಗೆರೆಯನ್ನೋ ದಾಟುವವರಿಗೆ ಮಾತ್ರ. 150 ಯೂನಿಟ್ ಅರ್ಹತೆ ಇದ್ದು 140 ಬಳಸುವ ಮನೆ 90ಕ್ಕೆ ಇಳಿದರೂ ಅದಕ್ಕೆ ಒಂದು ಪೈಸೆ ಉಳಿಯುವುದಿಲ್ಲ. ಕೇಂದ್ರದ ಪಿಎಂ ಸೂರ್ಯಘರ್ ಯೋಜನೆ 3 ಕಿಲೋವಾಟ್‌ನ ಚಾವಣಿ ಸೌರಫಲಕಕ್ಕೆ ₹78,000 ಸಹಾಯಧನ ಕೊಡುತ್ತದೆ. ಸೊನ್ನೆ ಬಿಲ್ ಬರುವ ಮನೆಯವರು ಉಳಿದ ಹಣ ಕೈಯಿಂದ ಹಾಕಿ ಅದನ್ನು ಕೂರಿಸುವುದು ಯಾಕೆ? ಹಾಗೆಂದು ಗೃಹಜ್ಯೋತಿಯ ವಿದ್ಯುತ್ತು ಬಿಟ್ಟಿ ಬರುತ್ತಿಲ್ಲ. 2003ರ ವಿದ್ಯುಚ್ಛಕ್ತಿ ಕಾಯ್ದೆಯ 65ನೇ ಸೆಕ್ಷನ್ ಪ್ರಕಾರ ಸಹಾಯಧನದ ಹಣವನ್ನು ಸರ್ಕಾರ ವಿದ್ಯುತ್ ವಿತರಣಾ ಕಂಪನಿಗಳಾದ ಎಸ್ಕಾಂಗಳಿಗೆ ಮುಂಗಡವಾಗಿ ಕೊಡಬೇಕು. ಪ್ರತಿ ಉಚಿತ ಯೂನಿಟ್‌ಗೂ ಬೊಕ್ಕಸದಿಂದ ಹಣ ಹೋಗುತ್ತದೆ. ಉಳಿದ ಯೂನಿಟ್‌ನ ಲಾಭದಲ್ಲಿ ಒಂದು ಪಾಲನ್ನು ಉಳಿಸಿದ ಮನೆಗೆ ಕೊಟ್ಟರೆ ಸರ್ಕಾರಕ್ಕೂ ಖರ್ಚು ಇಳಿಯುತ್ತದೆ.

ಬೇರೆ ಕೆಲವು ರಾಜ್ಯಗಳು ಗೆರೆಯನ್ನು ಇಷ್ಟು ಕಡಿದಾಗಿ ಎಳೆದಿಲ್ಲ. ದೆಹಲಿ 200 ಯೂನಿಟ್‌ವರೆಗೆ ಉಚಿತ ಕೊಟ್ಟು, 201ರಿಂದ 400ರವರೆಗೆ ಬಿಲ್‌ನ ಅರ್ಧವನ್ನು ₹800 ಮೀರದಂತೆ ಭರಿಸುವ ಏರ್ಪಾಡನ್ನು 2019ರಲ್ಲಿ ತಂದಿತು. ತಮಿಳುನಾಡು 2016ರಿಂದ ಎರಡು ತಿಂಗಳಿಗೆ ಮೊದಲ 100 ಯೂನಿಟ್ ಅನ್ನು ಹೆಚ್ಚು ಬಳಸುವವರಿಗೂ ಉಚಿತವಾಗಿಟ್ಟಿದೆ. ತಮಿಳುನಾಡಿನಲ್ಲಿ ಯಾವ ಒಂದು ಯೂನಿಟ್ ಕೂಡ ಆ ಉಚಿತದ ಪಾಲನ್ನು ನುಂಗುವುದಿಲ್ಲ.

ನಮ್ಮಲ್ಲೂ ದಾರಿ ಇದೆ. 200 ದಾಟಿದ ಪ್ರತಿ ಯೂನಿಟ್‌ಗೆ ಉಚಿತದ ಪಾಲಿನಿಂದ ಎರಡು ಯೂನಿಟ್ ಕಳೆಯಿರಿ. ಪೂರ್ಣ ಅರ್ಹತೆಯ ಮನೆ 201 ಬಳಸಿದರೆ 198 ಉಚಿತ, ಮೂರು ಯೂನಿಟ್‌ಗೆ ಹಣ, ಅಂದರೆ ಸುಮಾರು ₹20. 250 ಬಳಸಿದರೆ 100 ಉಚಿತ. 300ಕ್ಕೆ ಬಂದಾಗ ಉಚಿತ ಪೂರ್ತಿ ಮುಗಿಯುತ್ತದೆ, ನಿಗದಿತ ಶುಲ್ಕವೂ ಇದೇ ಅನುಪಾತದಲ್ಲಿ ಏರಲಿ. 200ರಿಂದ 300ರ ನಡುವೆ ಪ್ರತಿ ಯೂನಿಟ್‌ಗೆ ಮೂರರಷ್ಟು ದರ ಬೀಳುವುದರಿಂದ ಮಿತವ್ಯಯಕ್ಕೆ ಒತ್ತಾಸೆ ಉಳಿಯುತ್ತದೆ, ಒಂದು ದಿನದ ಮರೆವಿಗೆ ಒಂದು ವಾರದ ಕೂಲಿ ತೆರಬೇಕಾಗುವುದಿಲ್ಲ. ಜೊತೆಗೆ ಅರ್ಹತೆಯನ್ನು ತಿಂಗಳ ಬದಲು ವರ್ಷದ ಲೆಕ್ಕಕ್ಕೆ ಕಟ್ಟಬೇಕು. ತಿಂಗಳಿಗೆ 160ರ ಅರ್ಹತೆ ಇದ್ದ ಮನೆಗೆ ವರ್ಷಕ್ಕೆ 1,920 ಯೂನಿಟ್. ಚಳಿಗಾಲದಲ್ಲಿ ಉಳಿದದ್ದು ಏಪ್ರಿಲ್‌ಗೆ ಬರಲಿ. ಇದಕ್ಕೆ ಹೊಸ ದರ ಆದೇಶವೂ ಬೇಕಿಲ್ಲ, ಆಯೋಗದ ವಿಚಾರಣೆಗೆ ಕಾಯಬೇಕಾಗಿಯೂ ಇಲ್ಲ. ಗೃಹಜ್ಯೋತಿ ಸರ್ಕಾರದ್ದೇ ಯೋಜನೆ. ಇಂಧನ ಇಲಾಖೆಯ ಒಂದು ಆದೇಶ, ಐದು ಎಸ್ಕಾಂಗಳ ಬಿಲ್ಲಿಂಗ್ ತಂತ್ರಾಂಶದಲ್ಲಿ ಒಂದು ತಿದ್ದುಪಡಿ. ಬರುವ ಬೇಸಿಗೆಯ ಮೊದಲ ರೀಡಿಂಗ್‌ಗೆ ಮುನ್ನ ಇವೆರಡೂ ಆಗಬೇಕು.