ಅನುಮತಿಯ ದೋಷ: ಜನ್ನನ ಹಿಟ್ಟಿನ ಕೋಳಿಯಿಂದ ಭೀಮಾತೀರದವರೆಗೆ

ಇರಾನಿನ ನಿರ್ದೇಶಕ ಮೊಹಮ್ಮದ್ ರಸೂಲೋಫ್ ಅವರ ‘ದೇರ್ ಈಸ್ ನೋ ಈವಿಲ್’ ಚಲನಚಿತ್ರ 2020ರಲ್ಲಿ ಬರ್ಲಿನ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಪಡೆಯಿತು. ದೇಶ ಬಿಡಲು ನಿಷೇಧವಿದ್ದುದರಿಂದ ನಿರ್ದೇಶಕರು ಅಲ್ಲಿರಲಿಲ್ಲ. ಮರಣದಂಡನೆಯನ್ನು ಕುರಿತ ನಾಲ್ಕು ಕಥೆಗಳ ಈ ಚಿತ್ರದಲ್ಲಿ ಸರ್ವಾಧಿಕಾರಿ ಕಾಣಿಸಿಕೊಳ್ಳುವುದೇ ಇಲ್ಲ. ಮೊದಲ ಕಥೆಯ ಗೃಹಸ್ಥ ಹೆಂಡತಿ, ಮಗಳು, ವೃದ್ಧ ತಾಯಿಯನ್ನು ಅಕ್ಕರೆಯಿಂದ ನೋಡಿಕೊಳ್ಳುತ್ತಾನೆ. ನಸುಕಿನಲ್ಲಿ ಕೆಲಸಕ್ಕೆ ಹೋಗಿ ಒಂದು ಗುಂಡಿ ಒತ್ತುತ್ತಾನೆ. ಗೋಡೆಯಾಚೆ ಕೆಲವರು ನೇಣಿನಲ್ಲಿ ತೂಗುತ್ತಾರೆ.

ಕನ್ನಡದ ಓದುಗರಿಗೆ ಇಲ್ಲಿ ಜನ್ನನ ‘ಯಶೋಧರ ಚರಿತೆ’ (1209) ನೆನಪಾಗಬೇಕು. ತಾಯಿಯ ಒತ್ತಾಯಕ್ಕೆ ಮಣಿದ ಯಶೋಧರ ಜೀವಬಲಿಯ ಬದಲು ಹಿಟ್ಟಿನ ಕೋಳಿಯನ್ನು ಕಡಿದ. ಸಂಕಲ್ಪಹಿಂಸೆಯ ಫಲವನ್ನು ಜನ್ಮಾಂತರಗಳಲ್ಲಿ ಉಂಡ. ಅವನಲ್ಲಿ ಸಂಕಲ್ಪವಿತ್ತು, ಕೊಲೆಯಿರಲಿಲ್ಲ. ಇರಾನಿನ ಗೃಹಸ್ಥನಲ್ಲಿ ಕೊಲೆಯಿದೆ, ದ್ವೇಷವಿಲ್ಲ. ಇಬ್ಬರೂ ತಮ್ಮಲ್ಲಿಲ್ಲದ ಅರ್ಧವನ್ನು ತೋರಿಸಿ ಬಿಡುಗಡೆ ಕೇಳಬಹುದು. ಜೈನದರ್ಶನ ಈ ವಾದವನ್ನು ಒಪ್ಪದು. ಆಸ್ರವವನ್ನು ವಿವರಿಸುವ ತತ್ತ್ವಾರ್ಥಸೂತ್ರ ಕೃತ, ಕಾರಿತ, ಅನುಮತ ಎಂಬ ಮೂರನ್ನೂ ಎಣಿಸುತ್ತದೆ: ಮಾಡಿದ್ದು, ಮಾಡಿಸಿದ್ದು, ಒಪ್ಪಿಕೊಂಡದ್ದು.

ಈ ಮೂರನೆಯದೇ ಕಲ್ಯಾಣ ಕರ್ನಾಟಕದ ಇತಿಹಾಸಕ್ಕೆ ಕಠಿಣ ಪ್ರಶ್ನೆ. ಆಳಂದ, ಅಫಜಲಪುರ, ಜೇವರ್ಗಿ ತಾಲ್ಲೂಕುಗಳು ನಿಜಾಮರ ಹೈದರಾಬಾದ್ ಸಂಸ್ಥಾನದಲ್ಲಿದ್ದವು. ರಜಾಕಾರರ ದೌರ್ಜನ್ಯದೆದುರು ಜನಸಾಮಾನ್ಯರು ತಳೆದ ಮೌನ ಅನುಮತಿಯಲ್ಲ, ಪ್ರಾಣಭಯ. 1948ರ ಸೆಪ್ಟೆಂಬರ್ 13ರಿಂದ ನಡೆದ ಪೊಲೀಸ್ ಕಾರ್ಯಾಚರಣೆ ಆ ಆಳ್ವಿಕೆಯನ್ನು ಕೊನೆಗಾಣಿಸಿತು. ಅದರ ಬೆನ್ನಿಗೇ ಮುಸ್ಲಿಮರ ಮೇಲೆ ಪ್ರತೀಕಾರದ ಕೊಲೆಗಳು ನಡೆದವು. ಕೇಂದ್ರ ಸರ್ಕಾರ ಕಳುಹಿಸಿದ ಪಂಡಿತ ಸುಂದರಲಾಲ್ ನಿಯೋಗವು ಅತಿ ಹೆಚ್ಚು ಹಾನಿಗೊಂಡ ನಾಲ್ಕು ಜಿಲ್ಲೆಗಳಲ್ಲಿ ಗುಲಬರ್ಗಾವನ್ನೂ ಹೆಸರಿಸಿತು. ಇಡೀ ಸಂಸ್ಥಾನದಲ್ಲಿ 27,000ದಿಂದ 40,000 ಜನ ಸತ್ತಿರಬಹುದೆಂದು ಅಂದಾಜಿಸಿತು. ವರದಿ ದಶಕಗಳ ಕಾಲ ಪ್ರಕಟವಾಗಲಿಲ್ಲ. ಭಯದ ಮೌನಕ್ಕೆ ಕ್ಷಮೆಯುಂಟು. ಭಯ ಕಳೆದ ಮೇಲಿನ ಮೌನಕ್ಕೆ ಯಾವ ಹೆಸರು?

ಎರಡನ್ನೂ ಒಟ್ಟಿಗೆ ಹೇಳಿದರೆ ರಜಾಕಾರರ ಅಪರಾಧ ಹಗುರಾಗುತ್ತದೆಂಬ ಆಕ್ಷೇಪವುಂಟು. ಕರ್ಮಸಿದ್ಧಾಂತದಲ್ಲಿ ಒಬ್ಬನ ಪಾಪವನ್ನು ಇನ್ನೊಬ್ಬನ ಪಾಪದಿಂದ ವಜಾ ಮಾಡುವ ಲೆಕ್ಕವಿಲ್ಲ. ಗೋರ್ಟಾದಲ್ಲಿ 1948ರ ಮೇ ತಿಂಗಳಲ್ಲಿ ರಜಾಕಾರರು ನಡೆಸಿದ ಹತ್ಯಾಕಾಂಡದ ಭಾರ, ಸೆಪ್ಟೆಂಬರಿನ ಅನಂತರದ ಕೊಲೆಗಳಿಂದ ಗುಲಗಂಜಿಯಷ್ಟೂ ಇಳಿಯದು. ಈ ಕೊಲೆಗಳಿಗೆ ಅದು ಸಮರ್ಥನೆಯೂ ಆಗದು.

ವಿಮೋಚನೆಯ ಸಾಹಿತ್ಯವನ್ನು ಅಭ್ಯಸಿಸುವವರು ವೀರರನ್ನೂ ಖಳರನ್ನೂ ಗುರುತಿಸಿದರೆ ಸಾಲದು. ಬಾಗಿಲ ಸಂದಿಯಿಂದ ನೋಡಿದವರ, ನೆರೆಮನೆಯವರನ್ನು ಅಡಗಿಸಿಟ್ಟವರ, ಬಿಟ್ಟುಹೋದ ಹೊಲಮನೆಗಳನ್ನು ತಮ್ಮದಾಗಿಸಿಕೊಂಡವರ ನೆನಪುಗಳನ್ನೂ ಭೀಮಾತೀರದ ಹಳ್ಳಿಗಳಲ್ಲಿ ಕೇಳಬೇಕು. ಪ್ರತಿಕ್ರಮಣ ಆರಂಭವಾಗುವುದು ಸ್ವದೋಷದಿಂದ. ಜನ್ನ ಆ ದಾರಿಯನ್ನು ಎಂಟು ಶತಮಾನಗಳ ಹಿಂದೆಯೇ ತೋರಿಸಿದ್ದಾನೆ.